ಎರಡೂವರೆ ಗಂಟೆಗೆ ಹಿಡಿಸದ ತಿರುಗಾಟ

ಮಳೆಗಾಲ ಶುರುವಾಯ್ತು ಅಂದರೆ ಬೆಂಗಳೂರಿನಲ್ಲಿ ಯಕ್ಷಗಾನದ ಸೀಸನ್ ಶುರುವಾಯ್ತು ಅಂತ ಲೆಕ್ಕ. ಕರಾವಳಿಯಲ್ಲಿ ಮೇಳಗಳು ಗೆಜ್ಜೆ ಬಿಚ್ಚಿದ ಮೇಲೆ ಕಲಾವಿದರು ಘಟ್ಟ ಹತ್ತಿ ಇಲ್ಲಿಗೆ ಬರ್ತಾರೆ. ರವೀಂದ್ರ ಕಲಾಕ್ಷೇತ್ರದಲ್ಲೋ, ಯಾವುದೋ ಬಡಾವಣೆಯ ಕಲ್ಯಾಣ ಮಂಟಪದಲ್ಲೋ ಶನಿವಾರ ಸಂಜೆ ಆಟ. ಟಿಕೆಟ್ ಮೊಬೈಲಿನಲ್ಲೇ ಸಿಗುತ್ತದೆ, ಒಂಬತ್ತೂವರೆಗೆಲ್ಲ ಮುಗಿಯುತ್ತದೆ, ಹೊರಗೆ ಬಂದರೆ ಗೋಳಿಬಜೆ, ಕಷಾಯ. ಭಾನುವಾರ ಬೆಳಿಗ್ಗೆ ನಾವು ಏಳುವಷ್ಟರಲ್ಲಿ ಫೇಸ್‌ಬುಕ್ಕಿನಲ್ಲಿ ನಾಲ್ಕಾರು ವಿಮರ್ಶೆ ರೆಡಿ. ಎಲ್ಲದರಲ್ಲೂ ಒಂದು ಮಾತು ಇದ್ದೇ ಇರುತ್ತದೆ: ಏನು ಆಶುಪ್ರತಿಭೆ ಮಾರಾಯ್ರೆ! ಬರೆದಿಟ್ಟ ಸಂಭಾಷಣೆ ಇಲ್ಲ, ರಿಹರ್ಸಲ್ ಇಲ್ಲ, ಬಂದು ನಿಂತು ಮಾತಾಡಿಬಿಡ್ತಾರೆ!

ಹತ್ತು ಹನ್ನೆರಡು ವರ್ಷದಿಂದ ಈ ಆಟಗಳನ್ನೂ ಈ ವಿಮರ್ಶೆಗಳನ್ನೂ ನೋಡುತ್ತಾ ಬಂದಿದ್ದೇನೆ. ಆಟಗಳ ಬಗ್ಗೆ ನನ್ನ ತಕರಾರು ಕಡಿಮೆ. ವಿಮರ್ಶೆಗಳ ಬಗ್ಗೆ ಜಾಸ್ತಿ. ನಾವು ಬರೆಯೋದೆಲ್ಲ ಒಬ್ಬ ವೇಷಧಾರಿಯ ಬಗ್ಗೆ, ಒಬ್ಬ ಭಾಗವತರ ಬಗ್ಗೆ, ಒಂದು ಸಂಜೆಯ ಬಗ್ಗೆ. ಆ ಒಬ್ಬರನ್ನು ತಯಾರು ಮಾಡಿದ್ದು ಮೇಳ ಎಂಬ ಒಂದು ಅಲೆಮಾರಿ ವ್ಯವಸ್ಥೆ. ಅದು ಲಾರಿಯಲ್ಲಿ ಓಡಾಡುತ್ತದೆ, ಕಂಡವರ ಜಗಲಿಯಲ್ಲಿ ಮಲಗುತ್ತದೆ, ದಿನಕ್ಕೊಂದು ಊರಿನಲ್ಲಿ ಊಟ ಮಾಡುತ್ತದೆ. ಅದರ ಬಗ್ಗೆ ಒಂದು ಸಾಲೂ ಇರೋದಿಲ್ಲ. ಇದು ಬರೀ ಸೌಜನ್ಯದ ಪ್ರಶ್ನೆ ಆಗಿದ್ದರೆ ಬಿಟ್ಟುಬಿಡಬಹುದಿತ್ತು. ಆದರೆ ಆಟದಲ್ಲಿ ನಾವು ಮೆಚ್ಚುವ ಗುಣಗಳು ಎಲ್ಲಿಂದ ಬಂದವು ಅಂತ ಗೊತ್ತಿಲ್ಲದೆ ಹೋದರೆ, ಅವು ಯಾವಾಗ ಹೋದವು ಅನ್ನೋದೂ ಗೊತ್ತಾಗೋದಿಲ್ಲ.

ಮೇಳದವರ ಬಾಯಲ್ಲಿ ಈ ಬದುಕಿಗೆ ಇರುವ ಹೆಸರು 'ತಿರುಗಾಟ'. ಬೇರೆಯವರ ಅನುಭವವನ್ನು ನಾವು ವರ್ಷದಲ್ಲಿ ಎಣಿಸುತ್ತೇವೆ; ಇವರದ್ದನ್ನು ತಿರುಗಾಟದಲ್ಲಿ. "ಇವರು ಮೂವತ್ತು ತಿರುಗಾಟ ಮುಗಿಸಿದವರು" ಅಂತ ಪರಿಚಯಿಸುತ್ತಾರೆ. ದೀಪಾವಳಿ ಕಳೆದ ಮೇಲೆ ನವೆಂಬರ್ ಹೊತ್ತಿಗೆ ಒಂದೊಂದೇ ಮೇಳ ತನ್ನ ದೇವಸ್ಥಾನದಲ್ಲಿ ಗೆಜ್ಜೆ ಕಟ್ಟಿ, ಅಲ್ಲೇ ಮೊದಲ ಸೇವೆಯಾಟ ಆಡಿ ಹೊರಡುತ್ತದೆ. ಆಮೇಲೆ ಅದು ವಾಪಸ್ಸು ಬಂದು ಗೆಜ್ಜೆ ಬಿಚ್ಚೋದು ಪತ್ತನಾಜೆಗೆ, ಅಂದರೆ ತುಳುವರ ಬೇಸ ತಿಂಗಳ ಹತ್ತನೇ ದಿನ. ನಮ್ಮ ಕ್ಯಾಲೆಂಡರಿನಲ್ಲಿ ಮೇ 24ರ ಆಸುಪಾಸು. ನಡುವೆ ಸುಮಾರು 180 ರಾತ್ರಿ. ವಾರಾಂತ್ಯ ಇಲ್ಲ. ಜ್ವರ ಬಂದರೆ ಬದಲಿ ಹುಡುಕಬೇಕು. ನಮ್ಮ ಆಫೀಸುಗಳಲ್ಲಿ ಎರಡು ವಾರಕ್ಕೊಂದು ಡೆಮೊ ಕೊಡೋದಕ್ಕೇ ನಾವು ಬೆವರುತ್ತೇವೆ. ಇವರದ್ದು ದಿನಕ್ಕೊಂದು, ಅದೂ ದಿನಕ್ಕೊಂದು ಊರಲ್ಲಿ.

ಮೇಳಗಳಲ್ಲಿ ಎರಡು ಬಗೆ. ಡೇರೆ ಮೇಳ ಅಂದರೆ ಟೆಂಟು ಹಾಕಿ, ಟಿಕೆಟ್ ಮಾರಿ ಆಡುವಂಥದ್ದು. ಸಾಲಿಗ್ರಾಮ, ಪೆರ್ಡೂರು ಈ ಸಾಲಿನವು. ಗದ್ದೆಯಲ್ಲಿ ಗುಂಡಿ ತೋಡಿ ಕಂಬ ನಿಲ್ಲಿಸಬೇಕು, ಬೆಳಗಾದ ಮೇಲೆ ಅದನ್ನೆಲ್ಲ ಕಿತ್ತು ಲಾರಿಗೆ ತುಂಬಬೇಕು, ಮುಂದಿನ ಊರಲ್ಲಿ ಸಂಜೆಯೊಳಗೆ ಮತ್ತೆ ನಿಲ್ಲಿಸಬೇಕು. ಟಿಕೆಟ್ ಮಾರಬೇಕಾದ್ದರಿಂದ ಪ್ರತಿ ವರ್ಷ ಹೊಸ ಪ್ರಸಂಗ ಬೇಕು, ಹೆಸರು ಕೇಳಿದರೇ ಜನ ಬರುವಂಥ ಭಾಗವತರು ಬೇಕು. ಇನ್ನೊಂದು ಬಯಲಾಟದ ಮೇಳ. ಕಟೀಲು, ಮಂದಾರ್ತಿ, ಧರ್ಮಸ್ಥಳದಂಥವು. ಯಾರೋ ಮಗು ಆದರೆ, ಮನೆ ಕಟ್ಟಿದರೆ, ಕಾಯಿಲೆ ಗುಣವಾದರೆ ಆಟ ಆಡಿಸುತ್ತೇನೆ ಅಂತ ಹರಕೆ ಹೊತ್ತಿರುತ್ತಾರೆ. ಮೇಳ ಅವರ ಮನೆಯಂಗಳಕ್ಕೆ, ಗದ್ದೆಗೆ ಬಂದು ಆಡುತ್ತದೆ. ನೋಡುವವರಿಗೆ ಪುಕ್ಕಟೆ. ಒಂದೇ ದೇವಸ್ಥಾನದಿಂದ ಕಟೀಲಿನ ಆರು ಮೇಳ, ಮಂದಾರ್ತಿಯ ಐದು ಮೇಳ ಒಂದೇ ರಾತ್ರಿ ಬೇರೆ ಬೇರೆ ಊರಲ್ಲಿ ಆಡುವುದನ್ನು ನಾನು ನೋಡಿದ್ದೇನೆ. ಆದರೂ ಹರಕೆಯ ಸರದಿ ವರ್ಷಗಟ್ಟಲೆ ಕಾಯಬೇಕು. ಮಗುವಾಗಲಿ ಅಂತ ಹೊತ್ತ ಹರಕೆಯ ಆಟಕ್ಕೆ ಆ ಮಗುವೇ ಕುರ್ಚಿ ಜೋಡಿಸೋದನ್ನು ಕಂಡಿದ್ದೇನೆ.

ಕೆಲವು ವರ್ಷಗಳ ಹಿಂದೆ, ಒಂದು ಜನವರಿಯಲ್ಲಿ, ನಾಲ್ಕು ದಿನ ರಜೆ ಹಾಕಿ ಒಂದು ಬಯಲಾಟದ ಮೇಳದ ಜೊತೆ ತಿರುಗಿದೆ. ನಮ್ಮ ಊರಿನವರೇ ಆದ ಒಬ್ಬ ಮದ್ದಳೆಗಾರರು, "ನಿದ್ದೆಗೆಟ್ಟು ಎಂತ ಮಾಡ್ತೀರಿ? ಬರೂದಾದ್ರೆ ಬನ್ನಿ" ಅಂದಿದ್ದರು. ಮೊದಲ ದಿನ ಬೆಳಿಗ್ಗೆ ಆರಕ್ಕೆ ಆಟ ಮುಗಿಯಿತು. ಚೌಕಿ, ಅಂದರೆ ಬಣ್ಣದ ಮನೆ, ಅಲ್ಲಿ ಎಲ್ಲರೂ ತೆಂಗಿನೆಣ್ಣೆ ಹಚ್ಚಿ ಮುಖ ಉಜ್ಜುತ್ತಾ ಕೂತಿದ್ದರು. ಒಂದೇ ಒಂದು ಮಾತಿಲ್ಲ. ರಾತ್ರಿಯಿಡೀ ಮಾತಾಡಿದವರು ಬೆಳಿಗ್ಗೆ ಬಾಯೇ ತೆರೆಯೋದಿಲ್ಲ ಅನ್ನೋದು ನನಗೆ ಸಿಕ್ಕಿದ ಮೊದಲ ಮಾಹಿತಿ. ಕಿರೀಟ, ಭುಜಕೀರ್ತಿ ಎಲ್ಲ ಪೆಟ್ಟಿಗೆಗೆ ಹೋದವು, ಪೆಟ್ಟಿಗೆಗಳು ಲಾರಿಗೆ ಹೋದವು. ಮದ್ದಳೆ ಮಾತ್ರ ಲಾರಿಗೆ ಹೋಗಲಿಲ್ಲ. ಅದನ್ನು ಅವರು ಬಟ್ಟೆಯಲ್ಲಿ ಸುತ್ತಿ ತೊಡೆಯ ಮೇಲೆ ಇಟ್ಟುಕೊಂಡೇ ಬಸ್ಸಿನಲ್ಲಿ ನಿದ್ದೆ ಹೋದರು. ಇಬ್ಬನಿಗೆ ಚರ್ಮ ಸಡಿಲಾಗಿ ಶ್ರುತಿ ಇಳಿಯುತ್ತದೆ, ನಡುರಾತ್ರಿ ಎರಡು ಮೂರು ಸಲ ತಟ್ಟಿ ಏರಿಸಬೇಕು, ಜನವರಿಯ ರಾತ್ರಿ ಅಂದರೆ ಮದ್ದಳೆಗಾರನಿಗೆ ಹೆದರಿಕೆ ಅಂತ ಆಮೇಲೆ ಹೇಳಿದರು.

ಮುಂದಿನ ಊರಲ್ಲಿ ಒಂದು ಹಳೇ ಮನೆಯ ಅಟ್ಟದ ಮೇಲೆ ಚಾಪೆ. ಮಧ್ಯಾಹ್ನ ಹರಕೆಯವರ ಮನೆಯ ಊಟ. ಬೆಳಿಗ್ಗೆ ಒಂಬತ್ತರಿಂದ ಒಂದರವರೆಗೆ ನಿದ್ದೆ ಅಂತ ಲೆಕ್ಕ. ಅದರಲ್ಲಿ ಮನೆಗೆ ಫೋನು, ಬಟ್ಟೆ ಒಗೆಯೋದು ಎಲ್ಲ ಸೇರಿದೆ. ಊಟದ ಹೊತ್ತಿಗೇ ಇವತ್ತು ರಾತ್ರಿ ಯಾವ ಪ್ರಸಂಗ, ಯಾರು ಯಾವ ವೇಷ ಅನ್ನೋದು ಸ್ಪಷ್ಟವಾದದ್ದು. ಆಗ ನಾನು ಕಾದಿದ್ದ ದೃಶ್ಯ ಬಂತು. ಇಪ್ಪತ್ತರ ಒಬ್ಬ ಹುಡುಗ ಹಿರಿಯ ವೇಷಧಾರಿಯ ಪಕ್ಕ ಕುಕ್ಕರುಗಾಲಲ್ಲಿ ಕೂತು, "ಅಣ್ಣ, ಇಲ್ಲಿ ನಾನು ಎಂತ ಹೇಳೂದು?" ಅಂದ. ಅವರು ಎಲೆಯಡಿಕೆ ಹಾಕುತ್ತಲೇ, ಮೊದಲ ಪದ್ಯಕ್ಕೆ ಇಷ್ಟು ಹೇಳು, ಎರಡನೆಯದಕ್ಕೆ ನಾನು ಹೀಗೆ ಕೇಳ್ತೇನೆ, ನೀನು ಹಾಗೆ ಅಂದುಬಿಡು, ಮತ್ತೆ ನಾನು ನೋಡಿಕೊಳ್ತೇನೆ ಅಂತ ನಾಲ್ಕು ನಿಮಿಷದಲ್ಲಿ ಮುಗಿಸಿದರು. ಅಷ್ಟೇ. ರಾತ್ರಿ ಆ ಹುಡುಗ ನಿಂತು ಮಾತಾಡಿದ. ನಿಮ್ಮಂಥವರು, ನನ್ನಂಥವರು ಕೆಳಗೆ ಕೂತಿದ್ದರೆ ಆಶುಪ್ರತಿಭೆ ಅನ್ನುತ್ತಿದ್ದೆವು.

ಆ ಹುಡುಗನ ಪ್ರತಿಭೆಯನ್ನು ಕಡಿಮೆ ಮಾಡೋದಕ್ಕೆ ಇದನ್ನು ಹೇಳ್ತಿಲ್ಲ. ಯಕ್ಷಗಾನದಲ್ಲಿ ಬರೆದಿರೋದು ಪದ್ಯ ಮಾತ್ರ, ಮಾತು ವೇಷಧಾರಿಯದ್ದು ಅನ್ನೋದು ನಿಜವೇ. ಆದರೆ ಆ ಮಾತು ಗಾಳಿಯಿಂದ ಬರೋದಿಲ್ಲ. ದಿನಕ್ಕೊಂದು ಊರು, ಆಡಿಸುವವರು ಬಯಸಿದ ಪ್ರಸಂಗ, ರಿಹರ್ಸಲ್ಲಿಗೆ ಸಮಯವೇ ಇಲ್ಲ ಅನ್ನುವಾಗ ಕೆಲಸ ನಡೆಯಬೇಕಾದರೆ ಒಂದು ಸಾಮೂಹಿಕ ನೆನಪು ಬೇಕು. ಯಾವ ಪ್ರಸಂಗದ ನಡೆ ಹೇಗೆ, ಎಲ್ಲಿ ಭಾಗವತರು ಪದ್ಯ ಎತ್ತಿಕೊಳ್ಳುತ್ತಾರೆ, ಎಲ್ಲಿ ಎದುರಿನವನಿಗೆ ಅವಕಾಶ ಬಿಡಬೇಕು, ಇದೆಲ್ಲ ಮೇಳದ ಜನರ ಮಧ್ಯೆ ಹರಡಿಕೊಂಡಿರುತ್ತದೆ. ಭಾಗವತರನ್ನು 'ಮೊದಲ ವೇಷ' ಅಂತ ಕರೆಯೋದು ಸುಮ್ಮನೆ ಗೌರವಕ್ಕಲ್ಲ. ಜಾಗಟೆಯೋ ತಾಳವೋ ಹಿಡಿದು ಅವರು ಒಂದು ಪದ್ಯವನ್ನು ಬೇಗ ಎತ್ತಿದರೆ ವೇಷಧಾರಿಯ ಮಾತು ಅಲ್ಲಿಗೆ ಖಲಾಸ್; ತಡ ಮಾಡಿದರೆ ಅವನು ಇನ್ನೂ ಐದು ನಿಮಿಷ ಎಳೆಯಲೇಬೇಕು. ಈ ಹೊಂದಾಣಿಕೆಯ ಹಿಂದೆ ಆರು ತಿಂಗಳು ಒಂದೇ ಪಂಕ್ತಿಯಲ್ಲಿ ಉಂಡು, ಒಂದೇ ಬಸ್ಸಿನಲ್ಲಿ ತೂಕಡಿಸಿದ ಪರಿಚಯ ಇದೆ.

ಈಗ ನಮ್ಮ ಶನಿವಾರದ ಆಟಕ್ಕೆ ಬನ್ನಿ. ಇಲ್ಲಿಗೆ ಬರೋದು ಮೇಳವಲ್ಲ. ಒಂದು ಮೇಳದ ಭಾಗವತರು, ಇನ್ನೊಂದರ ಚೆಂಡೆ, ಮೂರನೆಯದರ ಕೌರವ, ನಾಲ್ಕನೆಯದರ ಹಾಸ್ಯಗಾರ, 'ಅತಿಥಿ ಕಲಾವಿದರು' ಅಂತ ಪೋಸ್ಟರಿನಲ್ಲಿ ದಪ್ಪ ಅಕ್ಷರದಲ್ಲಿ ಎರಡು ಹೆಸರು. ಕ್ರಿಕೆಟ್ಟಿನ ಭಾಷೆಯಲ್ಲಿ ಹೇಳೋದಾದರೆ ಹರಾಜಿನ ತಂಡ. ಇಂಥ ತಂಡಗಳಿಂದ ಒಳ್ಳೇ ಆಟ ಆಗೋದೇ ಇಲ್ಲ ಅಂತಲ್ಲ. ಊರಲ್ಲೂ ಎರಡು ಮೇಳ ಸೇರಿ ಆಡುವ ಕೂಡಾಟ, ಎರಡು ರಂಗಸ್ಥಳ ಪಕ್ಕಪಕ್ಕದಲ್ಲಿ ಹಾಕಿ ಪೈಪೋಟಿಗೆ ಬಿದ್ದು ಆಡುವ ಜೋಡಾಟ ಇದ್ದವು, ಇವೆ. ಆದರೆ ಪ್ರತಿ ಶನಿವಾರವೂ ಕೂಡಾಟವೇ ಆದರೆ ಏನಾಗುತ್ತದೆ ಅನ್ನೋದು ಕಣ್ಣಿಗೆ ಕಾಣಿಸುತ್ತಿದೆ. ಪರಸ್ಪರರ ನಡೆ ಗೊತ್ತಿಲ್ಲದವರು ಸುರಕ್ಷಿತವಾದದ್ದನ್ನೇ ಮಾಡುತ್ತಾರೆ. ಹಾಸ್ಯಗಾರ ಟ್ರಾಫಿಕ್ಕಿನ ಮೇಲೆ, ಸಾಫ್ಟ್‌ವೇರಿನವರ ಮೇಲೆ ಜೋಕು ಹೊಡೀತಾನೆ, ನಾವು ನಗುತ್ತೇವೆ. ಕುಣಿಯುವವರು ಶಿಳ್ಳೆ ಬೀಳುವವರೆಗೂ ಕುಣಿಯುತ್ತಾರೆ. ಭಾಗವತರು ಒಂದು ಪದ್ಯದ ಒಂದು ಸಾಲನ್ನು ಹಿಡಿದುಕೊಂಡು ಆಲಾಪನೆಗೆ ಇಳಿಯುತ್ತಾರೆ. ಎದುರಿಗೆ ಮೂವತ್ತು ಮೊಬೈಲು ಮೇಲೆದ್ದಿರುತ್ತವೆ, ಮಾರನೇ ದಿನದ ಯೂಟ್ಯೂಬಿಗೆ ಆ ಎಂಟು ನಿಮಿಷ ಸಾಕು. ಆ ಹೊತ್ತಿನಲ್ಲಿ ರಂಗದ ಮೇಲಿನ ಪಾತ್ರ ಏನು ಮಾಡುತ್ತಿದೆ? ಸೊಂಟದ ಮೇಲೆ ಕೈಯಿಟ್ಟು ನಿಂತಿದೆ, ಪಾಪ.

ಹಾಡು ಆಟದಿಂದ ಹೀಗೆ ಬಿಡಿಸಿಕೊಂಡದ್ದು ಇವತ್ತಿನ ಕತೆಯಲ್ಲ. ಕಾಳಿಂಗ ನಾವಡರ ಕಾಲಕ್ಕೇ ಕ್ಯಾಸೆಟ್ ಬಂದಿತ್ತು. ನಾರ್ಣಪ್ಪ ಉಪ್ಪೂರರ ಶಿಷ್ಯರಾಗಿ ಬೆಳೆದು, ಸಾಲಿಗ್ರಾಮ ಮೇಳದ ಭಾಗವತರಾಗಿ, ಬಡಗುತಿಟ್ಟಿನ ಹಾಡುಗಾರಿಕೆಗೆ ಹೊಸ ರಾಗ, ಹೊಸ ನುಡಿಗಾರಿಕೆ ತಂದು, 'ನಾಗಶ್ರೀ'ಯಂಥ ಪ್ರಸಂಗವನ್ನೂ ಬರೆದವರು. ಯಕ್ಷಗಾನ ನೋಡದವರ ಮನೆಯ ಟೇಪ್‌ರೆಕಾರ್ಡರಿನಲ್ಲೂ ಅವರ ದನಿ ಇತ್ತು. ಹಾಗಾಗಿ ಈಗಲೂ ನಾವಡರ ಬಗ್ಗೆ ಬರೆಯುವವರು ಗಾಯಕನ ಬಗ್ಗೆ ಬರೆಯುತ್ತಾರೆ. ಕ್ಯಾಸೆಟ್ಟಿನಲ್ಲಿ ಬಾರದೇ ಇದ್ದದ್ದು ಏನು ಅಂದರೆ, ಡೇರೆಯೊಳಗೆ ರಾತ್ರಿ ಎರಡರ ಮೇಲೆ, ತೂಕಡಿಸುವ ನೂರಾರು ಜನರನ್ನು ಎಬ್ಬಿಸಿಕೊಂಡು, ದಣಿದ ವೇಷಧಾರಿಯನ್ನು ಪದ್ಯದಿಂದ ಪದ್ಯಕ್ಕೆ ಎಳೆದುಕೊಂಡು ಬೆಳಗು ಮುಟ್ಟಿಸುವ ಕೆಲಸ. ಒಂದು ದನಿಯನ್ನು ಮೆಚ್ಚುವುದಕ್ಕೂ ಒಂದು ರಾತ್ರಿಯನ್ನು ನಡೆಸಿದ್ದನ್ನು ಮೆಚ್ಚುವುದಕ್ಕೂ ವ್ಯತ್ಯಾಸ ಇದೆ.

ನಾವಡರ ಹೆಸರು ಬಂದ ಮೇಲೆ ಇನ್ನೊಂದು ಮಾತನ್ನೂ ಹೇಳಲೇಬೇಕು. 1990ರ ಮೇ ತಿಂಗಳಲ್ಲಿ, ಇನ್ನೂ 32 ತುಂಬುವ ಮೊದಲೇ, ಅವರು ರಸ್ತೆ ಅಪಘಾತದಲ್ಲಿ ತೀರಿಕೊಂಡರು. ಅವರೊಬ್ಬರ ಕತೆಯಲ್ಲ ಇದು. ಹಿಂದೆ ಕಲಾವಿದರು ಗಂಟುಮೂಟೆ ಹೊತ್ತು ಊರಿಂದೂರಿಗೆ ನಡೆಯುತ್ತಿದ್ದರು. ಆಮೇಲೆ ಲಾರಿ, ಬಸ್ಸು ಬಂದವು. ಈಗ ಬಹಳಷ್ಟು ಜನ ಸ್ವಂತ ಬೈಕಿನಲ್ಲಿ ಓಡಾಡುತ್ತಾರೆ: ಬೆಳಿಗ್ಗೆ ಬಣ್ಣ ತೆಗೆದು, ನಲವತ್ತು ಐವತ್ತು ಕಿಲೋಮೀಟರು ದೂರದ ಮನೆಗೆ, ಸಂಜೆ ಅಲ್ಲಿಂದ ಮತ್ತೊಂದು ದಿಕ್ಕಿಗೆ. ಬೈಕಿನಿಂದಾಗಿ ಹೆಂಡತಿ ಮಕ್ಕಳ ಮುಖ ದಿನಾ ಕಾಣುತ್ತದೆ, ತೋಟಕ್ಕೆ ನೀರು ಬಿಡಬಹುದು. ನಿದ್ದೆ ಮಾತ್ರ ಹೋಯಿತು. ಕರಾವಳಿಯ ಪತ್ರಿಕೆ ಓದುವ ಅಭ್ಯಾಸ ಇದ್ದವರಿಗೆ ಗೊತ್ತು, ಆಟ ಮುಗಿಸಿ ಬರುತ್ತಿದ್ದ ಕಲಾವಿದನಿಗೆ ಅಪಘಾತ ಅನ್ನುವ ಸುದ್ದಿ ಎಷ್ಟು ಸಲ ಬರುತ್ತದೆ ಅಂತ.

ಆದ್ದರಿಂದ ಕಾಲಮಿತಿಯ ವಿಷಯದಲ್ಲಿ ನನಗೆ ಸರಳವಾದ ನಿಲುವು ತೆಗೆದುಕೊಳ್ಳೋದಕ್ಕೆ ಆಗೋದಿಲ್ಲ. ರಾತ್ರಿ 10ರಿಂದ ಬೆಳಿಗ್ಗೆ 6ರವರೆಗೆ ಧ್ವನಿವರ್ಧಕ ಕೂಡದು ಅನ್ನುವ ನಿಯಮ 2000ದಿಂದಲೇ ಇದೆ. ಧರ್ಮಸ್ಥಳ ಮೇಳ ಮೊದಲೇ ಕಾಲಮಿತಿಗೆ ಬಂದಿತ್ತು. 2022ರಲ್ಲಿ ಕಟೀಲಿನ ಮೇಳಗಳೂ ಬೆಳಗಿನ ತನಕದ ಆಟ ಬಿಟ್ಟು ಬೇಗ ಮುಗಿಸುವ ತೀರ್ಮಾನವಾದಾಗ ಊರಿನವರು ವಿರೋಧಿಸಿ ಪಾದಯಾತ್ರೆಯನ್ನೇ ಮಾಡಿದರು. ನಮ್ಮ ಬೆಂಗಳೂರಿನ ರಸಿಕರೂ ಜಾಲತಾಣದಲ್ಲಿ ಗೋಳಾಡಿದರು. ಪರಂಪರೆ ಹೋಯ್ತು, ಬೆಳಗಿನ ಜಾವದ ಆ ರಾಗಗಳು ಹೋದವು, ಮಹಿಷಾಸುರನ ಪ್ರವೇಶಕ್ಕೆ ನಡುರಾತ್ರಿ ಎಬ್ಬಿಸಿಕೊಳ್ಳುತ್ತಿದ್ದ ಬಾಲ್ಯ ಹೋಯ್ತು ಅಂತ. ಬಾಲ್ಯದ ಬಗ್ಗೆ ನನಗೂ ಮಮಕಾರ ಇದೆ. 'ದೇವಿ ಮಹಾತ್ಮೆ'ಯ ಮಹಿಷಾಸುರ ದೊಂದಿಯ ಬೆಳಕಿನಲ್ಲಿ ಜನರ ಮಧ್ಯದಿಂದ ಬೊಬ್ಬೆ ಹಾಕುತ್ತಾ ಬರುವಾಗ ಅಜ್ಜಿಯ ಸೀರೆಯೊಳಗೆ ಮುಖ ಹುದುಗಿಸದವರು ಯಾರಿದ್ದಾರೆ? ಆದರೆ ಇನ್ನೊಬ್ಬರ ನಿದ್ದೆಯ ಖರ್ಚಿನಲ್ಲಿ ನಮ್ಮ ಬಾಲ್ಯವನ್ನು ಕಾಪಾಡಿಕೊಳ್ಳುವುದು ನನಗೆ ಸರಿ ಕಾಣೋದಿಲ್ಲ. ಅದೂ ಅಲ್ಲದೆ, ಇಡೀ ರಾತ್ರಿಯ ಆಟ ಬೇಕು ಅನ್ನುವವರಲ್ಲಿ ಎಷ್ಟು ಜನ ಮೂರು ಗಂಟೆಯ ಮೇಲೆ ಕುರ್ಚಿಯಲ್ಲಿ ಇರುತ್ತಿದ್ದರು ಅನ್ನೋದನ್ನು ರಂಗಸ್ಥಳದ ಮೇಲಿನಿಂದ ನೋಡಿದವರು ಹೇಳಬೇಕು. "ಮಾರಾಯ್ರೆ, ಹನ್ನೆರಡೂವರೆಗೆ ಬಣ್ಣ ತೆಗ್ದು ಎರಡಕ್ಕೆ ಹಾಸಿಗೆಗೆ ಬೀಳುವ ಸುಖ ನಿಮಗೆ ಗೊತ್ತಿಲ್ಲ" ಅಂತ ನನ್ನ ಮದ್ದಳೆಗಾರರು ಫೋನಿನಲ್ಲಿ ಹೇಳಿದರು. ಆ ಮಾತಿಗೆ ನನ್ನ ಹತ್ತಿರ ಉತ್ತರ ಇರಲಿಲ್ಲ, ಈಗಲೂ ಇಲ್ಲ.

ಹಾಗಾದರೆ ನಷ್ಟವೇ ಇಲ್ಲವೇ? ಇದೆ, ಆದರೆ ಅದು ಎಲ್ಲರೂ ಹುಡುಕುತ್ತಿರುವ ಜಾಗದಲ್ಲಿಲ್ಲ. ಕತ್ತರಿ ಬಿದ್ದದ್ದು ಬೆಳಗಿನ ಜಾವಕ್ಕೆ ಅಂತ ಎಲ್ಲರೂ ಅಂದುಕೊಂಡಿದ್ದಾರೆ. ಸಂಜೆಗೂ ಬಿದ್ದಿದೆ.

ಹಳೆಯ ಕ್ರಮದಲ್ಲಿ ಆಟ ಅಂದರೆ ಪ್ರಸಂಗ ಮಾತ್ರ ಅಲ್ಲ. ಮುಸ್ಸಂಜೆಗೆ ಚೆಂಡೆ ಬಡಿದು ಊರಿಗೆ ಸುದ್ದಿ ಮುಟ್ಟಿಸಿ, ಚೌಕಿಯಲ್ಲಿ ಗಣಪತಿಗೆ ಪೂಜೆಯಾಗಿ, ರಂಗಸ್ಥಳಕ್ಕೆ ದೀಪ ಬಂದ ಮೇಲೆ ಪೂರ್ವರಂಗ. ಮೊದಲು ಕೋಡಂಗಿಗಳು ಬರುತ್ತವೆ. ಆಮೇಲೆ ಬಾಲಗೋಪಾಲರು, ಷಣ್ಮುಖ ಸುಬ್ರಾಯ, ಸ್ತ್ರೀವೇಷ. ಪ್ರೇಕ್ಷಕರು ಇನ್ನೂ ಮನೆಯಲ್ಲಿ ಊಟ ಮಾಡುತ್ತಿರುತ್ತಾರೆ, ಗದ್ದೆಯಲ್ಲಿ ಮಕ್ಕಳು ಮತ್ತು ಚುರುಮುರಿ ಮಾರುವವರು ಮಾತ್ರ. ಈ ಖಾಲಿ ಗದ್ದೆಯ ಎದುರು ಕುಣಿಯುವವರು ಮೇಳಕ್ಕೆ ಹೊಸದಾಗಿ ಸೇರಿದ ಹುಡುಗರು. ಹಾಡುವವರೂ ಮುಖ್ಯ ಭಾಗವತರಲ್ಲ. ಅವರ ಕೈಕೆಳಗಿನ ಎಳೆಯ ಭಾಗವತ, ಬಡಗಿನಲ್ಲಿ ಅವನನ್ನು 'ಸಂಗೀತಗಾರ' ಅಂತಲೇ ಕರೆಯೋದು. ಮುಖ್ಯ ಭಾಗವತರು ಬಂದು ಕೂರುವುದು ಪ್ರಸಂಗ ಕಾವೇರುವ ಹೊತ್ತಿಗೆ. ಅಲ್ಲಿಯತನಕ ಈ ಹುಡುಗ ತಾಳ ತಪ್ಪಬಹುದು, ಶ್ರುತಿ ಬಿಡಬಹುದು. ಕೇಳುವವರು ಯಾರೂ ಇಲ್ಲ; ಪಕ್ಕದಲ್ಲಿ ಕೂತ ಮದ್ದಳೆಗಾರ ಮಾತ್ರ ಕಣ್ಣು ಬಿಡುತ್ತಾನೆ.

ಕೋಡಂಗಿಯಿಂದ ಬಾಲಗೋಪಾಲ, ಅಲ್ಲಿಂದ ಸಣ್ಣ ಪುಟ್ಟ ವೇಷ, ಆಮೇಲೆ ಪುಂಡುವೇಷ, ವರ್ಷಗಳು ಕಳೆದ ಮೇಲೆ ಕಿರೀಟ. ಚೌಕಿಯಲ್ಲಿ ಕೂರುವ ಜಾಗವೂ ಇದೇ ಕ್ರಮದಲ್ಲಿ ಸರಿಯುತ್ತದೆ. ಯಾವ ವೇಷ ಎಲ್ಲಿ ಕೂತು ಬಣ್ಣ ಬರೆದುಕೊಳ್ಳಬೇಕು ಅನ್ನುವುದಕ್ಕೆ ಮೇಳದಲ್ಲಿ ಗೆರೆ ಎಳೆದ ಹಾಗೆ ನಿಯಮ ಇದೆ. ನಮಗೆ ಇದು ಊಳಿಗಮಾನ್ಯ ಅಂತ ಕಾಣಬಹುದು, ಸ್ವಲ್ಪ ಹೌದು ಕೂಡ. ಈ ಏಣಿಯನ್ನು ಹತ್ತಲು ಹೆಣ್ಣುಮಕ್ಕಳಿಗೆ ಬಹುಕಾಲ ಅವಕಾಶವೇ ಇರಲಿಲ್ಲ ಅನ್ನೋದೂ ಸೇರಿಸಿ. ಲೀಲಾವತಿ ಬೈಪಾಡಿತ್ತಾಯರು ಗಂಡನ ಜೊತೆ ಮೇಳಗಳಲ್ಲಿ ತಿರುಗಾಟ ಮಾಡಿ, ವೃತ್ತಿಪರ ಭಾಗವತರಾಗಿ ರಾತ್ರಿ ಕಳೆದದ್ದು ಆ ಕಾರಣಕ್ಕೇ ಅಷ್ಟು ದೊಡ್ಡ ಸಂಗತಿ. ಅವರ ಹಾಡುಗಾರಿಕೆಯ ಬಗ್ಗೆ ಬರೆಯುವಾಗ ಆ ತಿರುಗಾಟದ ಬಗ್ಗೆಯೂ ಒಂದು ಪುಟ ಬರೆಯದೆ ಹೋದರೆ ಅರ್ಧ ಬರೆದ ಹಾಗೆ.

ಏಳು ಗಂಟೆಗೆ ಶುರುವಾಗಿ ಹನ್ನೆರಡಕ್ಕೆ ಮುಗಿಯಬೇಕಾದ ಆಟದಲ್ಲಿ ಮೊದಲು ಮೊಟಕಾಗುವುದು ಈ ಪೂರ್ವರಂಗ. ಸಹಜವೇ. ಮುಖ್ಯ ಕತೆಯನ್ನು ಯಾರೂ ಬಿಡೋದಿಲ್ಲ, ದೊಡ್ಡ ವೇಷಧಾರಿಯ ಪದ್ಯ ಕತ್ತರಿಸುವ ಧೈರ್ಯ ಯಾರಿಗೂ ಇಲ್ಲ. ಬೆಂಗಳೂರಿಗಂತೂ ಪೂರ್ವರಂಗ ಬರುವುದೇ ಇಲ್ಲ; ಒಂದು ಗಣಪತಿ ಸ್ತುತಿ ಹಾಡಿ ನೇರ ಒಡ್ಡೋಲಗ. ಅಂದರೆ ಒಂದು ತಿರುಗಾಟದಲ್ಲಿ 180 ಸಲ ಖಾಲಿ ಗದ್ದೆಯ ಎದುರು ತಪ್ಪು ಮಾಡುವ ಅವಕಾಶ ಇದ್ದ ಹುಡುಗನಿಗೆ ಆ ಅವಕಾಶ ಹೋಯಿತು. ಇನ್ನು ಹತ್ತು ವರ್ಷಕ್ಕೆ ನಮ್ಮ ಶನಿವಾರದ ಪೋಸ್ಟರಿನಲ್ಲಿ ದಪ್ಪ ಅಕ್ಷರದ ಹೆಸರಾಗಬೇಕಾದವನು ಅವನೇ.

ತರಬೇತಿ ಕೇಂದ್ರಗಳಿವೆಯಲ್ಲ ಅಂತ ನೀವು ಕೇಳಬಹುದು. ಇವೆ, ಒಳ್ಳೆಯವೇ ಇವೆ. ಉಡುಪಿಯ ಯಕ್ಷಗಾನ ಕೇಂದ್ರ 1970ರ ದಶಕದ ಆರಂಭದಿಂದ ಹುಡುಗರಿಗೆ ಕಲಿಸುತ್ತಿದೆ. ಗುಣವಂತೆಯಲ್ಲಿ ಕೆರೆಮನೆ ಶಂಭು ಹೆಗಡೆಯವರು ಕಟ್ಟಿದ ಕಲಾಕೇಂದ್ರ ಇದೆ. ಹೆಜ್ಜೆ, ತಾಳ, ರಾಗ, ಬಣ್ಣಗಾರಿಕೆಗೆ ಇವುಗಳಿಗಿಂತ ಒಳ್ಳೆಯ ಜಾಗ ಸಿಗೋದಿಲ್ಲ; ಮೇಳದ ಲಾರಿಯಲ್ಲಿ ಕಲಿತವನಿಗಿಂತ ಕೇಂದ್ರದಲ್ಲಿ ಕಲಿತವನ ಹೆಜ್ಜೆ ಶುದ್ಧ ಅನ್ನುವವರ ಮಾತನ್ನು ನಾನು ಒಪ್ಪುತ್ತೇನೆ. ಆದರೆ ಜನರೇಟರ್ ಕೈಕೊಟ್ಟಾಗ ಕತ್ತಲಲ್ಲಿ ಪದ್ಯ ನಿಲ್ಲಿಸದೆ ಹಾಡುವುದು, ಎದುರಿನವನು ಮಾತು ಮರೆತರೆ ಅವನ ಮಾತನ್ನೂ ನೀನೇ ಹೇಳಿ ಅವನ ಮಾನ ಉಳಿಸುವುದು, ಮುಂದಿನ ಸಾಲಿನಲ್ಲಿ ಕುಡಿದು ಕೂತವನ ಕೂಗಿಗೆ ಪಾತ್ರ ಬಿಡದೆ ಉತ್ತರ ಕೊಡುವುದು, ಇದಕ್ಕೆಲ್ಲ ಪಾಠ ಮಾಡೋದಕ್ಕೆ ಆಗೋದಿಲ್ಲ. ಅದು ತಿರುಗಾಟದ ವಿದ್ಯೆ.

ಇಲ್ಲಿ ಶಿವರಾಮ ಕಾರಂತರನ್ನು ನೆನೆಯದೆ ಮುಂದೆ ಹೋಗೋದು ಕಷ್ಟ. ಅವರ 'ಯಕ್ಷಗಾನ ಬಯಲಾಟ'ಕ್ಕೆ 1959ರಲ್ಲಿ ಸಾಹಿತ್ಯ ಅಕಾಡೆಮಿ ಪ್ರಶಸ್ತಿ ಬಂತು. ಡೇರೆ ಮೇಳಗಳು ಸಿನಿಮಾದ ಹಿಂದೆ ಓಡುತ್ತಿವೆ ಅಂತ ಸಿಟ್ಟಾಗಿ, ಮಾತನ್ನು ತೆಗೆದು, ಹಾಡು ಕುಣಿತವನ್ನು ಉಳಿಸಿ, ವಯೊಲಿನ್ ಸ್ಯಾಕ್ಸೋಫೋನ್ ಸೇರಿಸಿ, ಅಳತೆಯೊಳಗೆ ಕೂರುವ ಬ್ಯಾಲೆ ಮಾಡಿದವರು ಅವರು. ಅದನ್ನು ವಿದೇಶಕ್ಕೂ ಕೊಂಡುಹೋದರು. ಸಭಾಂಗಣದ ಯಕ್ಷಗಾನಕ್ಕೆ ಒಂದು ಘನತೆ ಬಂದಿದ್ದರೆ ಅದರಲ್ಲಿ ಅವರ ಪಾಲು ದೊಡ್ಡದು. ಆದರೆ ಕಾರಂತರ ಕಣ್ಣು ಇದ್ದದ್ದು ರೂಪದ ಮೇಲೆ: ಬಣ್ಣ, ವೇಷ, ರಾಗ, ಹೆಜ್ಜೆ. ಅವರ ದಾರಿಯಲ್ಲೇ ಬಂದ ನಾವು ರೂಪವನ್ನು ಅರ್ಧಂಬರ್ಧ ಉಳಿಸಿಕೊಂಡು, ಅವರು ತೆಗೆದುಹಾಕಿದ ಜೋಕುಗಳನ್ನು ವಾಪಸ್ಸು ತಂದು, ಅಳತೆಯನ್ನು ಮಾತ್ರ ಶ್ರದ್ಧೆಯಿಂದ ಪಾಲಿಸುತ್ತಿದ್ದೇವೆ. ಕಾರಂತರು ಈಗ ಇದ್ದಿದ್ದರೆ ಯಾರಿಗೆ ಬಯ್ಯುತ್ತಿದ್ದರು ಅಂತ ಯೋಚಿಸಿದರೆ ಸ್ವಲ್ಪ ಖುಷಿಯಾಗುತ್ತದೆ.

ವಿಮರ್ಶೆ ಬರೆಯುವ ಗೆಳೆಯರಲ್ಲಿ ನನ್ನ ಕೋರಿಕೆ ಸಣ್ಣದು. ಮುಂದಿನ ಸಲ ಊರಿಗೆ ಹೋದಾಗ ಒಂದು ಹರಕೆಯಾಟಕ್ಕೆ ಬೇಗ ಹೋಗಿ. ಮಹಿಷಾಸುರನಿಗಾಗಿ ಕಾಯಬೇಡಿ, ಬಾಲಗೋಪಾಲರನ್ನು ನೋಡಿ, ಇನ್ನೂ ಉಳಿದಿದ್ದರೆ. ಅವತ್ತು ಹಾಡಿದ ಹುಡುಗನ ಹೆಸರು ಕೇಳಿಕೊಂಡು ಬನ್ನಿ, ನಿಮ್ಮ ಪೋಸ್ಟಿನಲ್ಲಿ ಬರೆಯಿರಿ. ಇಲ್ಲಿ ಸಂಘಟಕರಾಗಿರುವವರು ವರ್ಷಕ್ಕೆ ಒಂದಾದರೂ ಆಟಕ್ಕೆ ಬಿಡಿ ತಾರೆಗಳನ್ನು ಕರೆಯದೆ ಇಡೀ ಒಂದು ಮೇಳವನ್ನು, ಅದರ ಕೋಡಂಗಿಗಳ ಸಮೇತ ಕರೆಸಿ. ಬಸ್ಸಿನ ಖರ್ಚು ಜಾಸ್ತಿಯಾಗುತ್ತದೆ, ಗೊತ್ತು. ಅತಿಥಿ ಕಲಾವಿದರಲ್ಲಿ ಒಬ್ಬರನ್ನು ಬಿಟ್ಟರೆ ಸರಿಹೋಗುತ್ತದೆ.

ಈ ಮಧ್ಯೆ ನನಗೆ ಕುತೂಹಲ ಹುಟ್ಟಿಸಿರುವುದು ಎಲ್ಲರೂ ಮೂಗು ಮುರಿಯುವ ಒಂದು ಸಂಗತಿ: ಚಿಕ್ಕಮೇಳ. ಪತ್ತನಾಜೆ ಕಳೆದ ಮೇಲೆ, ಮಳೆಗಾಲದಲ್ಲಿ, ತೆಂಕುತಿಟ್ಟಿನ ಕಡೆ ಐದಾರು ಜನರ ಗುಂಪು ಕಟ್ಟಿಕೊಂಡು ಸಂಜೆ ಮನೆಮನೆಗೆ ಹೋಗುತ್ತಾರೆ. ಒಬ್ಬ ಭಾಗವತ, ಚೆಂಡೆ, ಮದ್ದಳೆ, ಒಂದು ಗಂಡುವೇಷ, ಒಂದು ಹೆಣ್ಣುವೇಷ. ದೇವರ ಎದುರು ದೀಪ, ಅಕ್ಕಿ, ತೆಂಗಿನಕಾಯಿ ಇಟ್ಟರೆ ಹತ್ತು ಹದಿನೈದು ನಿಮಿಷದ ಒಂದು ತುಣುಕು ಆಡಿ, ಕಾಣಿಕೆ ತಗೊಂಡು ಮುಂದಿನ ಮನೆಗೆ. ಇದು ಕಲೆಯ ಹೆಸರಲ್ಲಿ ಭಿಕ್ಷೆ ಎಂದು ದೊಡ್ಡವರು ಹೇಳುವುದನ್ನು ಕೇಳಿದ್ದೇನೆ. ಆದರೆ ಹಿಂದೆ ಬಡಗಿನಲ್ಲಿ ನವರಾತ್ರಿಗೆ ಹೂವಿನ ಕೋಲು ಹಿಡಿದು ಮನೆಮನೆಗೆ ಹೋಗಿ ಅರ್ಥ ಹೇಳುತ್ತಿದ್ದ ಮಕ್ಕಳೇ ಮುಂದೆ ಮೇಳ ಸೇರುತ್ತಿದ್ದರು, ಅದನ್ನು ಯಾರೂ ಭಿಕ್ಷೆ ಅನ್ನಲಿಲ್ಲ.

ಕಳೆದ ಆಷಾಢದಲ್ಲಿ ಅತ್ತೆಯ ಮನೆಗೆ ಇಂಥದ್ದೊಂದು ಚಿಕ್ಕಮೇಳ ಬಂದಿತ್ತು. ಚಾವಡಿಯಲ್ಲಿ ಜಾಗ ಸಾಲದೆ ಸೋಫಾ ಸರಿಸಿದೆವು. ಹೆಣ್ಣುವೇಷದ ಹುಡುಗನಿಗೆ ಹದಿನೆಂಟು ಹತ್ತೊಂಬತ್ತು ಇರಬಹುದು. ಮೊದಲ ಪದ್ಯಕ್ಕೆ ತಾಳದಿಂದ ಜಾರಿದ, ಮದ್ದಳೆಯವರು ಕಣ್ಣು ಬಿಟ್ಟರು, ಎರಡನೇ ಸುತ್ತಿಗೆ ಸರಿಯಾಗಿ ಬಂದು ಕೂತ. ಮುಗಿದ ಮೇಲೆ ಅತ್ತೆ ಕಷಾಯ ಕೊಡುತ್ತಾ, "ಸುಸ್ತಾಯ್ತಾ ಮಗ? ಕೂತ್ಕೋ" ಅಂದರು. ಅವನು ಸೀರೆಯ ನೆರಿಗೆ ಎತ್ತಿ ಹಿಡಿದು ನಿಂತೇ ಕುಡಿದು, "ಇಲ್ಲ ಅಮ್ಮ, ಇನ್ನು ಏಳು ಮನೆ ಉಂಟು" ಅಂದ. ಹೊರಗೆ ಮಳೆ. ಮದ್ದಳೆಗೆ ಪ್ಲಾಸ್ಟಿಕ್ ಸುತ್ತುತ್ತಿದ್ದರು.